25 ಲಕ್ಷದ ಮನೆ ಸಾಲ: ಕೊನೆಗೆ ಒಟ್ಟು ಎಷ್ಟು ಕಟ್ಟಿದಂತಾಗುತ್ತದೆ?

ಸೇಡಂ ರಸ್ತೆ (ಕಲಬುರಗಿ)

ಎಲ್ಲರಿಗೂ ನಮಸ್ಕಾರ. ಒಂದು ಮನೆ ನೋಡಿದ್ದೇವೆ. ಸೇಡಂ ರಸ್ತೆಯಿಂದ ಸ್ವಲ್ಪ ಒಳಗೆ, ಎನ್‌ಎ ಆದ (ಕೃಷಿಯೇತರ ಅಂತ ಪರಿವರ್ತನೆಯಾದ) ಲೇಔಟ್, ಎಂಟು ವರ್ಷದ ಹಳೆ ಮನೆ. ಎರಡು ರೂಮು, ಒಂದು ಹಾಲ್, ಮುಂದೆ ಬೇವಿನ ಗಿಡ. ನೆಲಕ್ಕೆ ಶಹಾಬಾದ್ ಕಲ್ಲು ಹಾಸಿದ್ದಾರೆ. ಬೇಸಿಗೆಯಲ್ಲಿ ತಂಪಿರುತ್ತದೆ ಅಂತ ಅವ್ವನಿಗೆ ಅದೇ ಬಹಳ ಹಿಡಿಸಿಬಿಟ್ಟಿದೆ. ಬೆಲೆ 32 ಲಕ್ಷ. ಕೂಡಿಟ್ಟದ್ದು ಹತ್ತು ಲಕ್ಷದಷ್ಟಿದೆ. 25 ಲಕ್ಷ ಸಾಲ ಬೇಕು.

ನನಗೆ ಈಗ 30 ವರ್ಷ. ಖಾಸಗಿ ಕೆಲಸ, ತಿಂಗಳಿಗೆ 52 ಸಾವಿರ ಸಂಬಳ. ಹೆಂಡತಿ ಮನೆಯಲ್ಲೇ ಬಟ್ಟೆ ಹೊಲಿಯುತ್ತಾಳೆ, ಅದರಿಂದ ಸ್ವಲ್ಪ ಬರುತ್ತದೆ. ಈಗಿನ ಬಾಡಿಗೆ 9,000.

ಸಾಲದ ಏಜೆಂಟ್ ಎರಡು ಹಾಳೆ ಕೊಟ್ಟಿದ್ದಾರೆ. ಬಡ್ಡಿ 8.5%, ಫ್ಲೋಟಿಂಗ್ ಅಂದ್ರೆ ಏರಿಳಿಯುವ ದರ, ರೆಪೊಗೆ (ಆರ್‌ಬಿಐ ಬ್ಯಾಂಕುಗಳಿಗೆ ಸಾಲ ಕೊಡುವ ದರಕ್ಕೆ) ಜೋಡಿಸಿದ್ದು. 20 ವರ್ಷಕ್ಕಾದರೆ ಕಂತು 21,696. 30 ವರ್ಷಕ್ಕಾದರೆ 19,223. "30 ವರ್ಷದ್ದೇ ತಗೊಳ್ರಿ ಸರ, ಕಂತು ಹಗುರ, ಮ್ಯಾಲೆ ತೆರಿಗೀನೂ ಉಳಿತದ" ಅಂದರು.

ಅಪ್ಪ ಸೊಸೈಟಿಯ ಬೆಳೆ ಸಾಲ ಬಿಟ್ಟರೆ ಬೇರೆ ಸಾಲ ಮಾಡಿದವರಲ್ಲ. ಹಾಳೆ ಹಿಂದೆ ಮುಂದೆ ತಿರುವಿ ನೋಡಿ ಒಂದೇ ಮಾತು ಕೇಳಿದರು: "ಎಲ್ಲಾ ಸೇರಿ ಒಟ್ಟ ಎಷ್ಟ ಕಟ್ತೀ?" ನನ್ನ ಹತ್ತಿರ ಉತ್ತರ ಇರಲಿಲ್ಲ. ಹಾಳೆಯಲ್ಲೂ ಇರಲಿಲ್ಲ. ಮುಂದಿನ ವಾರ ಸಹಿ ಮಾಡಬೇಕು. ತಿಳಿದವರು ಬಿಡಿಸಿ ಹೇಳಿ.


ಭೀಮಾ ತೀರ (ಯಾದಗಿರಿ)

ತಮ್ಮಾ, ನಿಮ್ಮ ಅಪ್ಪ ಕೇಳಿದ್ದೇ ಸರಿಯಾದ ಪ್ರಶ್ನೆ. ನಾನು ಬ್ಯಾಂಕಿನಲ್ಲಿ 31 ವರ್ಷ ಕೆಲಸ ಮಾಡಿ ನಿವೃತ್ತನಾದವನು. ಅದರಲ್ಲಿ ಹನ್ನೊಂದು ವರ್ಷ ಸಾಲದ ಟೇಬಲ್‌ನಲ್ಲೇ ಕೂತಿದ್ದೆ. ಬಂದವರೆಲ್ಲ "ಕಂತು ಎಷ್ಟು ಬರ್ತದ್ರಿ" ಅಂತ ಕೇಳುತ್ತಿದ್ದರು. ಒಟ್ಟು ಎಷ್ಟು ಅಂತ ಕೇಳಿದವರನ್ನು ಬೆರಳ ಮೇಲೆ ಎಣಿಸಬಹುದು.

ನಿಮ್ಮ ಲೆಕ್ಕ ಮಾಡೋಣ. 20 ವರ್ಷ ಅಂದ್ರೆ 240 ಕಂತು. 21,696 ಅನ್ನು 240ರಿಂದ ಗುಣಿಸಿ. 52 ಲಕ್ಷ 7 ಸಾವಿರ ಆಯ್ತು. ಪಡೆದದ್ದು 25, ಬಡ್ಡಿಯೇ 27 ಲಕ್ಷ. 30 ವರ್ಷಕ್ಕೆ ಹೋದರೆ 360 ಕಂತು, ಒಟ್ಟು 69 ಲಕ್ಷ 20 ಸಾವಿರ. ಅಂದ್ರೆ ತಿಂಗಳಿಗೆ 2,473 ರೂಪಾಯಿ ಹಗುರವಾಗಲಿ ಅಂತ ನೀವು 17 ಲಕ್ಷ ಜಾಸ್ತಿ ಕಟ್ಟುತ್ತೀರಿ. ಅದೇ 15 ವರ್ಷ ಹಿಡಿದರೆ ಕಂತು 24,618, ಒಟ್ಟು 44 ಲಕ್ಷ 31 ಸಾವಿರ.

ಇಷ್ಟು ವ್ಯತ್ಯಾಸ ಎಲ್ಲಿಂದ ಬರುತ್ತದೆ ಅಂತ ತಿಳಿದುಕೊಳ್ಳಿ. ಆಗ ಮುಂದಿನದ್ದೆಲ್ಲ ಸುಲಭ. ಪ್ರತಿ ತಿಂಗಳು ಬಾಕಿ ಇರುವ ಅಸಲಿನ ಮೇಲೆ ಬಡ್ಡಿ ಹಾಕುತ್ತಾರೆ. ನಿಮ್ಮ ಕಂತು ಮೊದಲು ಆ ಬಡ್ಡಿಗೆ ಹೋಗುತ್ತದೆ. ಉಳಿದದ್ದು ಮಾತ್ರ ಅಸಲಿಗೆ. ಮೊದಲ ತಿಂಗಳು 25 ಲಕ್ಷಕ್ಕೆ 8.5ರಂತೆ ಬಡ್ಡಿ 17,708. ಕಂತಿನಲ್ಲಿ ಅದು ಕಳೆದರೆ ಅಸಲಿಗೆ ಬಿದ್ದದ್ದು 3,987 ಅಷ್ಟೇ. ಮೊದಲ ವರ್ಷ ಪೂರ್ತಿ 2 ಲಕ್ಷ 60 ಸಾವಿರ ಕಟ್ಟುತ್ತೀರಿ. ಅದರಲ್ಲಿ ಸಾಲ ಇಳಿದದ್ದು 50 ಸಾವಿರಕ್ಕಿಂತ ಸ್ವಲ್ಪ ಕಮ್ಮಿ.

ಹತ್ತು ವರ್ಷ ಒಂದೂ ಕಂತು ತಪ್ಪದೆ ಕಟ್ಟಿದ ಜನ ನನ್ನ ಮುಂದೆ ಬಂದು ಕೂರುತ್ತಿದ್ದರು. ಅರ್ಧ ಅವಧಿ ಮುಗಿದಿದೆ, ಅರ್ಧ ಸಾಲ ತೀರಿರುತ್ತದೆ ಅಂತ ಅವರ ನಂಬಿಕೆ. ನಿಮ್ಮ ಲೆಕ್ಕದಲ್ಲೇ ನೋಡಿ, 20 ವರ್ಷದ ಸಾಲದಲ್ಲಿ ಹತ್ತು ವರ್ಷ ಕಳೆದ ಮೇಲೂ 17 ಲಕ್ಷ 50 ಸಾವಿರ ಬಾಕಿ ಇರುತ್ತದೆ. ಅಸಲು ಅರ್ಧಕ್ಕೆ ಇಳಿಯುವುದು ಹದಿನಾಲ್ಕನೇ ವರ್ಷದಲ್ಲಿ. ಕಂಪ್ಯೂಟರ್ ಕಡೆ ತಿರುಗಿ ಈ ಅಂಕಿ ಓದಿ ಹೇಳುವಾಗ ಅವರ ಮುಖ ನೋಡುವುದು ನನಗೆ ಕಷ್ಟವಾಗುತ್ತಿತ್ತು. ಅದನ್ನು ಮೊದಲ ದಿನವೇ ಹೇಳಬೇಕಿತ್ತು.

ತಿಂಗಳವಾರು ಕಂತಿನ ಪಟ್ಟಿ ಕೇಳಿ ತಗೊಳ್ಳಿ. ಕಂತು, ಬಡ್ಡಿ, ಅಸಲು, ಬಾಕಿ ಅಂತ ನಾಲ್ಕು ಕಾಲಂ ಇರುತ್ತದೆ. ಸಹಿಗಿಂತ ಮೊದಲು ಅದನ್ನು ಅಪ್ಪನ ಮುಂದೆ ಇಟ್ಟು ಓದಿ.


ನೌಬಾದ್ ಟೀಚರ್ (ಬೀದರ್)

ಸರ್ ಹೇಳಿದ್ದು ಬಡ್ಡಿ ದರ 20 ವರ್ಷ ಅಲುಗಾಡದೆ ನಿಂತರೆ ಆಗುವ ಲೆಕ್ಕ. ಅದು ನಿಲ್ಲುವುದಿಲ್ಲ. ನನಗೆ ಆದದ್ದನ್ನು ಹೇಳುತ್ತೇನೆ ಕೇಳಿ ತಮ್ಮಾ.

2021ರ ಡಿಸೆಂಬರ್‌ನಲ್ಲಿ 18 ಲಕ್ಷ ಸಾಲ ತಗೊಂಡೆವು. ದರ 6.75%. ಇಷ್ಟು ಕಮ್ಮಿ ಮತ್ತೆ ಸಿಗುವುದಿಲ್ಲ ಅಂತ ಎಲ್ಲರೂ ಅಂದರು. 20 ವರ್ಷ, ಕಂತು 13,687. ಮೊದಲ ತಿಂಗಳು ಅಸಲಿಗೆ 3,562 ರೂಪಾಯಿ ಹೋಗಿತ್ತು. ಆಮೇಲೆ ನಾನು ನೋಡಲೇ ಇಲ್ಲ. ಪ್ರತಿ ತಿಂಗಳು ಖಾತೆಯಿಂದ ಅದೇ 13,687 ಕಡಿತವಾಗುತ್ತಿತ್ತು. ಕಂತು ಬದಲಾಗಿಲ್ಲ ಅಂದ್ರೆ ಏನೂ ಬದಲಾಗಿಲ್ಲ ಅಂತಲೇ ತಿಳಿದಿದ್ದೆ.

2022ರ ಮೇ ತಿಂಗಳಿಂದ ಆರ್‌ಬಿಐ ರೆಪೊ ಏರಿಸುತ್ತಾ ಹೋಯಿತು. 4%ರಲ್ಲಿ ಇದ್ದದ್ದು 2023ರ ಫೆಬ್ರವರಿಗೆ 6.5% ಆಯಿತು. ನನ್ನ ದರ 9.25%ಕ್ಕೆ ಬಂದು ನಿಂತಿತು. ಮೆಸೇಜ್ ಬಂದಿದ್ದವು, ಇಂಗ್ಲಿಷಿನಲ್ಲಿ. ಪರೀಕ್ಷೆ ಕೆಲಸದ ಗಡಿಬಿಡಿಯಲ್ಲಿ ಓದಿರಲಿಲ್ಲ. ಮಾರ್ಚ್‌ನಲ್ಲಿ ತೆರಿಗೆ ಲೆಕ್ಕಕ್ಕೆ ಅಂತ ಸಾಲದ ಸ್ಟೇಟ್‌ಮೆಂಟ್ ತೆಗೆಸಿದೆ. ಶಾಲೆಯ ಸ್ಟಾಫ್ ರೂಮಿನಲ್ಲಿ ಕೂತು ಸ್ಕೇಲ್ ಇಟ್ಟು ಸಾಲು ಸಾಲಾಗಿ ಓದುತ್ತಾ ಬಂದೆ. ಕೊನೆಯ ಸಾಲಿನಲ್ಲಿ ಕಂತು 13,687. ಬಡ್ಡಿ 13,622. ಅಸಲಿಗೆ ಹೋದದ್ದು 65 ರೂಪಾಯಿ.

ಅರವತ್ತೈದು! ಆ ಕಾಗದ ಇನ್ನೂ ಇಟ್ಟುಕೊಂಡಿದ್ದೇನೆ. ಕಂತು ಅಷ್ಟೇ ಇಟ್ಟು ಒಳಗಿಂದ ಅವಧಿ ಎಳೆದಿದ್ದರು. ಹಾಗೇ ಬಿಟ್ಟಿದ್ದರೆ ನಾನು ನಿವೃತ್ತಿಯಾದ ಮೇಲೂ ಸಾಲ ಉಳಿಯುತ್ತಿತ್ತು. ನಮ್ಮನ್ನು ಯಾರೂ ಕೇಳಿರಲಿಲ್ಲ. ಶಾಖೆಗೆ ಹೋಗಿ ಜಗಳ ಮಾಡದೆ, ಆದರೆ ಕದಲದೆ ಕೂತೆ. ಅವಧಿ ಮೊದಲಿನಷ್ಟೇ ಇರಲಿ, ಕಂತು ಏರಿಸಿ ಅಂತ ಬರೆದುಕೊಟ್ಟೆ. ಕಂತು 16,500 ದಾಟಿತು. ಹೊಂದಿಸಲು ಆರು ತಿಂಗಳು ಕಷ್ಟವಾಯಿತು. ಈಗ ಅಭ್ಯಾಸವಾಗಿದೆ.


ಸೇಡಂ ರಸ್ತೆ (ಕಲಬುರಗಿ)

ಅಕ್ಕಾರ, 65 ರೂಪಾಯಿ ಓದಿ ನಿನ್ನೆ ರಾತ್ರಿ ನಿದ್ದೆ ಬರಲಿಲ್ಲ. ಹಂಗಾದ್ರೆ ನನಗೂ ಹಾಗೆ ಆಗಬಹುದಾ? ಇದನ್ನು ತಡೆಯಲು ಏನಾದರೂ ನಿಯಮ ಇದೆಯಾ?


ಭೀಮಾ ತೀರ (ಯಾದಗಿರಿ)

ಇದೆ. ಟೀಚರ್ ಅವರಂಥ ಎಷ್ಟೋ ಜನಕ್ಕೆ ಆದ ಮೇಲೆಯೇ ಬಂತು. 2023ರ ಆಗಸ್ಟ್‌ನಲ್ಲಿ ಆರ್‌ಬಿಐ ಆದೇಶ ಹೊರಡಿಸಿತು. ದರ ಬದಲಾಗಿ ಕಂತು ಅಥವಾ ಅವಧಿ ಬದಲಾಗುತ್ತದೆ ಅಂದ್ರೆ ಗ್ರಾಹಕನಿಗೆ ತಿಳಿಸಲೇಬೇಕು. ಕಂತು ಏರಿಸಬೇಕೋ, ಅವಧಿ ಎಳೆಯಬೇಕೋ, ಎರಡೂ ಸ್ವಲ್ಪ ಸ್ವಲ್ಪವೋ ಅನ್ನುವ ಆಯ್ಕೆ ನಿಮ್ಮದು. ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಕೊಡಬೇಕು. ಅದರಲ್ಲಿ ಇಲ್ಲಿಯವರೆಗೆ ಕಟ್ಟಿದ ಅಸಲು, ಬಡ್ಡಿ, ಉಳಿದ ಕಂತು ಎಷ್ಟು ಅಂತ ಇರಬೇಕು. ಕಟ್ಟಿದ ಕಂತು ಆ ತಿಂಗಳ ಬಡ್ಡಿಗೂ ಸಾಕಾಗದ ಸ್ಥಿತಿ ಬರಬಾರದು ಅಂತಲೂ ಅದರಲ್ಲಿ ಹೇಳಿದ್ದಾರೆ. ಆದರೂ ನೀವು ಬಾಯಿ ಬಿಟ್ಟು ಕೇಳದಿದ್ದರೆ ಅವಧಿ ಎಳೆಯುವುದೇ ಎಲ್ಲರಿಗೂ ಸುಲಭದ ದಾರಿ. ಮೂರು ತಿಂಗಳಿಗೊಮ್ಮೆ "ಉಳಿದ ಕಂತು" ಅನ್ನುವ ಒಂದು ಸಂಖ್ಯೆ ಮಾತ್ರ ನೋಡಿ. ಮೂರು ಕಂತು ಕಟ್ಟಿದರೆ ಅದು ಮೂರು ಇಳಿದಿರಬೇಕು.

ಇನ್ನೊಂದು ವಿಷಯ. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ ಮನೆ ಸಾಲ ರೆಪೊದಂಥ ಹೊರಗಿನ ದರಕ್ಕೆ ಜೋಡಣೆಯಾಗಿದೆ. ನಿಮ್ಮ ದರದಲ್ಲಿ ಎರಡು ಭಾಗ ಇವೆ. ಒಂದು ರೆಪೊ, ಅದು ನಮ್ಮ ನಿಮ್ಮ ಕೈಯಲ್ಲಿಲ್ಲ. 2025ರಲ್ಲಿ ಇಳಿಯುತ್ತಾ ಬಂದು ಡಿಸೆಂಬರ್‌ನಲ್ಲಿ 5.25 ಆಯಿತು. ಅದರ ಮೇಲೆ ಬ್ಯಾಂಕ್ ಸೇರಿಸುವುದು ಸ್ಪ್ರೆಡ್. 8.5ರಲ್ಲಿ 5.25 ಕಳೆದರೆ 3.25. ನನಗೆ ಇದು ಜಾಸ್ತಿ ಅನ್ನಿಸುತ್ತದೆ. ನಿಮ್ಮ ಕ್ರೆಡಿಟ್ ಸ್ಕೋರ್ (ಹಿಂದಿನ ಸಾಲ ಕಟ್ಟಿದ ರೀತಿ ನೋಡಿ ಕೊಡುವ ಅಂಕ) ಚಲೋ ಇದ್ದರೆ ಧೈರ್ಯವಾಗಿ ಕೇಳಿ. ಅರ್ಧ ಪರ್ಸೆಂಟ್ ಇಳಿದು 8 ಆದರೂ ಕಂತು 20,911 ಆಗುತ್ತದೆ. 20 ವರ್ಷಕ್ಕೆ 1 ಲಕ್ಷ 88 ಸಾವಿರ ಉಳಿತಾಯ. ತೊಗರಿಬೇಳೆ ಕೊಳ್ಳುವಾಗ ಕಿಲೋಗೆ ಐದು ರೂಪಾಯಿ ಚೌಕಾಸಿ ಮಾಡುತ್ತೇವೆ, ಇಲ್ಲಿ ಮಾತ್ರ ಸುಮ್ನೆ ಸಹಿ ಹಾಕುತ್ತೇವೆ.


ಹುಮನಾಬಾದ್–ಹೈದರಾಬಾದ್

ನನ್ನ ಅಭಿಪ್ರಾಯ ಸ್ವಲ್ಪ ಬೇರೆ. ಬೇಜಾರು ಮಾಡ್ಕೋಬೇಡಿ. ನಾನು ಹೈದರಾಬಾದ್‌ನಲ್ಲಿ ಸಾಫ್ಟ್‌ವೇರ್ ಕೆಲಸದಲ್ಲಿದ್ದೇನೆ, ಮನೆ ಹುಮನಾಬಾದ್‌ನಲ್ಲಿ.

52 ಲಕ್ಷ ಅನ್ನುವ ಸಂಖ್ಯೆಯನ್ನು ಹಾಗೇ ಹಿಡಿದು ಹೆದರಬಾರದು. ಇವತ್ತಿನ ರೂಪಾಯಿ, 20 ವರ್ಷದ ನಂತರದ ರೂಪಾಯಿ ಒಂದೇ ಅಲ್ಲ. ಬೆಲೆ ವರ್ಷಕ್ಕೆ 5% ಏರುತ್ತದೆ ಅಂತ ಹಿಡಿಯಿರಿ. ಕೊನೆಯ ವರ್ಷ ಕಟ್ಟುವ 21,696 ಇವತ್ತಿನ ಲೆಕ್ಕದಲ್ಲಿ 8,200ರಷ್ಟು ಮಾತ್ರ. ಕಂತು ಹೆಚ್ಚುಕಮ್ಮಿ ಅಷ್ಟೇ ಇರುತ್ತದೆ, ಸಂಬಳ ಏರುತ್ತದೆ.

ಬಾಡಿಗೆಯನ್ನೂ ಲೆಕ್ಕಕ್ಕೆ ಹಿಡಿಯಿರಿ. ಈಗಿನ 9,000 ವರ್ಷಕ್ಕೆ 5% ಏರಿದರೆ 20 ವರ್ಷಕ್ಕೆ ಒಟ್ಟು 35 ಲಕ್ಷ 70 ಸಾವಿರ. ಅಷ್ಟು ಕೊಟ್ಟು ಕೊನೆಗೆ ಕೈಯಲ್ಲಿ ಒಂದು ಇಟ್ಟಿಗೆಯೂ ಇರುವುದಿಲ್ಲ. ಸಾಲದ ಖರ್ಚು ಅಂತ ಹೇಳುವಾಗ ಬಾಡಿಗೆ ಉಳಿದದ್ದನ್ನು ಕಳೆದೇ ಹೇಳಬೇಕು. ನಾನಂತೂ ಅವಧಿ ಉದ್ದ ಇಟ್ಟು ಉಳಿದ ರೊಕ್ಕ ಮ್ಯೂಚುವಲ್ ಫಂಡ್‌ಗೆ ಹಾಕುತ್ತಿದ್ದೇನೆ.


ಬೇಳೆ ಮಿಲ್ (ಕಲಬುರಗಿ)

ಅಣ್ಣಾರ, ನೀವು ಹೇಳಿದ್ದು ತಪ್ಪಲ್ಲ. ಆದರೆ ಅದು ವರ್ಷ ವರ್ಷ ಸಂಬಳ ಏರುವವರ ಲೆಕ್ಕ. ನನ್ನದು ಸಣ್ಣ ದಾಲ್ ಮಿಲ್. ತೊಗರಿಗೆ ನೆಟೆ ರೋಗ ಬಿದ್ದ ವರ್ಷ ಮಿಲ್ಲಿಗೆ ಮಾಲೇ ಬರಲಿಲ್ಲ. ಆ ವರ್ಷ ಬೆಲೆ ಏರಿತ್ತು, ನನ್ನ ಆದಾಯ ಇಳಿದಿತ್ತು. ಕಂತು ಮಾತ್ರ 5ನೇ ತಾರೀಕಿಗೆ ಸರಿಯಾಗಿ ಬರುತ್ತಿತ್ತು. ಕಂತಿಗೆ ಬರಗಾಲ ಗೊತ್ತಿಲ್ಲ ನೋಡ್ರಿ. ಮತ್ತೆ, ಉಳಿದ ರೊಕ್ಕ ಫಂಡ್‌ಗೆ ಹಾಕುತ್ತೇನೆ ಅಂದವರಲ್ಲಿ ಎಷ್ಟು ಜನ ನಿಜವಾಗಿ ಹಾಕುತ್ತಾರೆ? ನನ್ನ ಸುತ್ತಲಿನವರಲ್ಲಿ ಅದು ಮದುವೆ, ಮುಂಜಿ, ಗಾಡಿಗೆ ಹೋಗಿದೆ.

ನಾನು ಮಾಡಿದ್ದು ಇಷ್ಟೇ. ಜನವರಿ, ಫೆಬ್ರವರಿಯಲ್ಲಿ ಹೊಸ ತೊಗರಿ ಬಂದು ಕೈಯಲ್ಲಿ ರೊಕ್ಕ ಆಡುವಾಗ ಒಂದು ಗಂಟು ನೇರ ಅಸಲಿಗೆ ಕಟ್ಟಿಬಿಡುತ್ತೇನೆ. ವ್ಯಕ್ತಿಗಳ ಹೆಸರಿನ ಫ್ಲೋಟಿಂಗ್ ಮನೆ ಸಾಲಕ್ಕೆ ಮುಂಚೆ ಕಟ್ಟಿದರೆ ದಂಡ ಹಾಕುವಂತಿಲ್ಲ. ನನ್ನ ಮಗಳು ನಿಮ್ಮ 25 ಲಕ್ಷಕ್ಕೆ ಲೆಕ್ಕ ಹಾಕಿಕೊಟ್ಟಳು. ಮೊದಲ ವರ್ಷ ಮುಗಿದ ಕೂಡಲೇ 1 ಲಕ್ಷ ಅಸಲಿಗೆ ಕಟ್ಟಿದರೆ ಕೊನೆಯ 21 ಕಂತು ಹಾರಿ ಹೋಗುತ್ತವೆ. ಬಡ್ಡಿಯಲ್ಲಿ ಸುಮಾರು 3 ಲಕ್ಷ 65 ಸಾವಿರ ಉಳಿಯುತ್ತದೆ. ಅದೇ 1 ಲಕ್ಷ ಹದಿನೈದು ವರ್ಷ ಆದ ಮೇಲೆ ಕಟ್ಟಿದರೆ ಉಳಿಯುವುದು 50 ಸಾವಿರ ಅಷ್ಟೇ. ಬೇಗ ಕಟ್ಟಿದ ರೊಕ್ಕಕ್ಕೇ ಬಲ.

ಒಂದು ಎಚ್ಚರ. ಜಾಸ್ತಿ ಕಟ್ಟಿದಾಗ "ಅವಧಿ ಕಡಿಮೆ ಮಾಡಿ" ಅಂತ ಬರೆದುಕೊಡಿ. ಒಮ್ಮೆ ನನಗೆ ಕೇಳದೆ ಕಂತು ಇಳಿಸಿ ಅವಧಿ ಹಾಗೇ ಇಟ್ಟಿದ್ದರು. ಸರಿಮಾಡಿಸಲು ಎರಡು ಸಲ ಓಡಾಡಿದೆ.


ಭೀಮಾ ತೀರ (ಯಾದಗಿರಿ)

ಇಬ್ಬರ ಮಾತಿನಲ್ಲೂ ಹುರುಳಿದೆ. ಹುಮನಾಬಾದ್ ತಮ್ಮ ಹೇಳಿದ ಹಾಗೆ ಬಾಡಿಗೆ ಕಳೆಯುವುದು ನ್ಯಾಯ. ಆದರೆ ಬಾಡಿಗೆ ಕಳೆದ ಮೇಲೂ 20 ವರ್ಷ, 30 ವರ್ಷದ ನಡುವಿನ 17 ಲಕ್ಷ ಎಲ್ಲಿಗೂ ಹೋಗುವುದಿಲ್ಲ. ಎರಡರಲ್ಲೂ ಮನೆ ಅದೇ, ಬೇವಿನ ಗಿಡ ಅದೇ. ಜಾಸ್ತಿ ಕೊಟ್ಟದ್ದು ಬರೀ ಕಾಲಕ್ಕೆ. ಮತ್ತೆ ಅಸಲಿಗೆ ಕಟ್ಟಿದ ರೊಕ್ಕ 8.5% ಬಡ್ಡಿ ಉಳಿಸುವುದು ಖಾತ್ರಿ. ಫಂಡ್‌ನಲ್ಲಿ ಅದಕ್ಕಿಂತ ಜಾಸ್ತಿ ಬರಬಹುದು, ಬರದೆಯೂ ಇರಬಹುದು. ಒಂದೇ ಸಂಬಳದ ಮನೆಗೆ ನಾನು ಖಾತ್ರಿಯನ್ನೇ ಹೇಳುತ್ತೇನೆ.

ದೊಡ್ಡ ಗಂಟು ಇಲ್ಲದವರು ವರ್ಷಕ್ಕೆ ಒಂದು ಕಂತು ಜಾಸ್ತಿ ಕಟ್ಟಿದರೂ ಸಾಕು. ನಿಮ್ಮ ಸಾಲ 40 ತಿಂಗಳು ಬೇಗ ತೀರುತ್ತದೆ, ಐದು ಲಕ್ಷಕ್ಕೂ ಜಾಸ್ತಿ ಬಡ್ಡಿ ಉಳಿಯುತ್ತದೆ. ಆದರೆ ಎಲ್ಲವನ್ನೂ ಸಾಲಕ್ಕೇ ಸುರಿಯಬೇಡಿ. ಆರು ತಿಂಗಳ ಕಂತಿನಷ್ಟು ಕೈಯಲ್ಲಿರಲಿ.


ಕಮಲಾಪುರ ಮನೆ

ನಾವು ಪ್ಲಾಟ್ ತಗೊಂಡು ಕಟ್ಟಿಸಿದವರು. ಇಲ್ಲಿ ಓದುವವರಲ್ಲಿ ಕಟ್ಟಿಸುವವರೂ ಇರಬಹುದು, ಅದಕ್ಕೆ ಬರೆಯುತ್ತಿದ್ದೇನೆ.

ಕಟ್ಟುವ ಸಾಲ ಒಮ್ಮೆಗೇ ಕೈಗೆ ಬರುವುದಿಲ್ಲ. ತಳಪಾಯಕ್ಕೆ ಇಷ್ಟು, ಸ್ಲ್ಯಾಬ್‌ಗೆ ಇಷ್ಟು ಅಂತ ಹಂತ ಹಂತವಾಗಿ ಬಿಡುತ್ತಾರೆ. ಬಿಟ್ಟ ರೊಕ್ಕಕ್ಕೆ ಮನೆ ಮುಗಿಯುವವರೆಗೆ ಬರೀ ಬಡ್ಡಿ ಕಟ್ಟಿಸಿಕೊಳ್ಳುತ್ತಾರೆ. ಅದರಲ್ಲಿ ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ನಮ್ಮದು ಎಂಟು ತಿಂಗಳಲ್ಲಿ ಮುಗಿಯಬೇಕಿತ್ತು, ಹದಿನಾಲ್ಕು ತಿಂಗಳಾಯಿತು. ಸ್ಲ್ಯಾಬ್ ಹಾಕಿದ್ದು ಏಪ್ರಿಲ್ ಕೊನೆಯಲ್ಲಿ. ಆ ಬಿಸಿಲಿಗೆ ಬೆಳಗ್ಗೆ ಕಟ್ಟಿದ ನೀರು ಮಧ್ಯಾಹ್ನಕ್ಕೆ ಇರುತ್ತಿರಲಿಲ್ಲ. ಬೋರ್ ಬತ್ತಿತ್ತು. ಟ್ಯಾಂಕರ್ ಮೇಲೆ ಟ್ಯಾಂಕರ್ ತರಿಸಿ ಸ್ಲ್ಯಾಬ್‌ಗೆ ನೀರುಣಿಸಿದೆವು. ಮಳೆ ಬಿದ್ದ ಮೇಲೆ ಗೌಂಡಿ ಬಿತ್ತನೆಗೆ ಅಂತ ಊರಿಗೆ ಹೋದವರು ಒಂದೂವರೆ ತಿಂಗಳು ಬರಲಿಲ್ಲ. ಅವರ ಹೊಲವೂ ಅವರಿಗೆ ಮುಖ್ಯ, ಏನು ಮಾಡುವುದು.

ಸರಾಸರಿ 12 ಲಕ್ಷದ ಮೇಲೆ ಹದಿನಾಲ್ಕು ತಿಂಗಳ ಬಡ್ಡಿ 1 ಲಕ್ಷ 19 ಸಾವಿರ. ಜೊತೆಗೆ ಅಷ್ಟೂ ತಿಂಗಳ ಬಾಡಿಗೆ. ಇದನ್ನು ಯಾವ ಹಾಳೆಯಲ್ಲೂ ಬರೆದಿರಲಿಲ್ಲ. ಕಟ್ಟಿಸುವವರು ದಸರಾ ಮುಗಿದ ಮೇಲೆ ಶುರು ಮಾಡಿ, ಬಿಸಿಲು ಏರುವುದರೊಳಗೆ ಸ್ಲ್ಯಾಬ್ ಮುಗಿಸಿ.


ಸಿಎ ಓದ್ತಿರೋಳು (ಕಲಬುರಗಿ)

ಸೇಡಂ ರಸ್ತೆ ಅಣ್ಣ, ನಾಲ್ಕು ಮಾತು ಹೇಳಬೇಕು.

ಮೊದಲನೆಯದು ತೆರಿಗೆ. ಏಜೆಂಟ್ ಹೇಳಿದ್ದು ನಿಮಗೆ ಅನ್ವಯಿಸುವುದಿಲ್ಲ. ನಿಮ್ಮ ಸಂಬಳ ವರ್ಷಕ್ಕೆ 6 ಲಕ್ಷ 24 ಸಾವಿರ. ಹೊಸ ಪದ್ಧತಿಯಲ್ಲಿ 12 ಲಕ್ಷದವರೆಗೆ ತೆರಿಗೆಯೇ ಇಲ್ಲ. ಸ್ವಂತ ವಾಸದ ಮನೆಯ ಬಡ್ಡಿಗೆ 2 ಲಕ್ಷದವರೆಗಿನ ವಿನಾಯಿತಿ ಇರುವುದು ಹಳೆ ಪದ್ಧತಿಯಲ್ಲಿ. ಕಟ್ಟಬೇಕಾದ ತೆರಿಗೆಯೇ ಇಲ್ಲದಾಗ ಉಳಿಸುವುದು ಎಲ್ಲಿಂದ? ಆ ಮಾತನ್ನು ಲೆಕ್ಕದಿಂದ ತೆಗೆದುಬಿಡಿ.

ಎರಡನೆಯದು ನೋಂದಣಿ ಖರ್ಚು. ಮುದ್ರಾಂಕ ಶುಲ್ಕ 5%, ಅದರ ಮೇಲೆ ಸೆಸ್, ಸರ್‌ಚಾರ್ಜ್. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ 1%ರ ಬದಲು 2% ಆಗಿದೆ. ನಗರದಲ್ಲಿ ಎಲ್ಲಾ ಸೇರಿ 7.6%. 32 ಲಕ್ಷಕ್ಕೆ 2 ಲಕ್ಷ 43 ಸಾವಿರ. ಇದಕ್ಕೆ ಬ್ಯಾಂಕ್ ಸಾಲ ಕೊಡುವುದಿಲ್ಲ, ನಿಮ್ಮ ಹತ್ತು ಲಕ್ಷದಲ್ಲೇ ಹೋಗಬೇಕು. 7 ಲಕ್ಷ ಮನೆಗೆ ಕೊಟ್ಟು ಇದನ್ನೂ ಕಟ್ಟಿದರೆ ಉಳಿಯುವುದು 57 ಸಾವಿರ. ಅದರಲ್ಲಿ ಪ್ರೊಸೆಸಿಂಗ್ ಫೀ, ಅದಕ್ಕೆ 18% ಜಿಎಸ್‌ಟಿ, ವಕೀಲರ ಅಭಿಪ್ರಾಯ, ಮೌಲ್ಯಮಾಪನ, ಅಡಮಾನ ಪತ್ರದ ಶುಲ್ಕ.

ಮೂರನೆಯದು ವಿಮೆ. ನಿಮ್ಮ ಹಾಳೆಯಲ್ಲಿ ಸಾಲದ ಜೊತೆ ವಿಮೆ ಸೇರಿಸಿದ್ದಾರಾ ನೋಡಿ. ನನ್ನ ಚಿಕ್ಕಪ್ಪನ ಸಾಲಕ್ಕೆ 80 ಸಾವಿರದ ಒಂದೇ ಕಂತಿನ ವಿಮೆ ಸೇರಿಸಿ, ಅದನ್ನೂ ಸಾಲವಾಗಿ ಕೊಟ್ಟಿದ್ದರು. 8.5%ರಲ್ಲಿ 20 ವರ್ಷಕ್ಕೆ ಆ 80 ಸಾವಿರ 1 ಲಕ್ಷ 66 ಸಾವಿರ ಆಗುತ್ತದೆ. ಸಾಲಗಾರನಿಗೆ ವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ಮನೆಗೆ ದುಡಿಯುವವರು ನೀವೊಬ್ಬರೇ. ಆದರೆ ಅವರ ಹತ್ತಿರವೇ ಕೊಳ್ಳಬೇಕು ಅಂತ ನಿಯಮ ಇಲ್ಲ. ಬೇರೆಯಾಗಿ ಟರ್ಮ್ ವಿಮೆ (ಇಂತಿಷ್ಟು ವರ್ಷಕ್ಕೆ ಅಂತ ಮಾಡಿಸುವ ಬರೀ ಜೀವ ವಿಮೆ) ವಿಚಾರಿಸಿ.

2024ರ ಅಕ್ಟೋಬರ್‌ನಿಂದ ಇಂಥ ಸಾಲಕ್ಕೆಲ್ಲ ಮುಖ್ಯ ಅಂಶಗಳ ಪತ್ರ (ಕೆಎಫ್‌ಎಸ್) ಕೊಡುವುದು ಕಡ್ಡಾಯ. ಕೆಎಫ್‌ಎಸ್ ಕೊಡಿ ಅಂತ ಕೇಳಿ. ಅದರಲ್ಲಿ ಎಪಿಆರ್ ಅಂತ ಒಂದು ಸಂಖ್ಯೆ ಇರುತ್ತದೆ. ಬಡ್ಡಿ, ಫೀ, ವಿಮೆ ಎಲ್ಲವನ್ನೂ ಸೇರಿಸಿದ ನಿಜವಾದ ವಾರ್ಷಿಕ ದರ ಅದು. ಎರಡು ಬ್ಯಾಂಕ್ ಹೋಲಿಸುವಾಗ ಗೋಡೆಗೆ ಅಂಟಿಸಿದ ದರ ನೋಡಬೇಡಿ, ಇದನ್ನು ನೋಡಿ.

ಕೊನೆಯದು ಒಳ್ಳೆಯ ಸುದ್ದಿ. ಪ್ರಧಾನಮಂತ್ರಿ ಆವಾಸ್ ನಗರ 2.0ರಲ್ಲಿ ಬಡ್ಡಿ ಸಹಾಯಧನ ಇದೆ. ಕುಟುಂಬದ ಆದಾಯ 9 ಲಕ್ಷದೊಳಗೆ, ಮನೆ ಬೆಲೆ 35 ಲಕ್ಷದೊಳಗೆ, ಸಾಲ 25 ಲಕ್ಷದೊಳಗೆ ಇರಬೇಕು. ನಿಮ್ಮ, ಅತ್ತಿಗೆಯ ಹೆಸರಿನಲ್ಲಿ ದೇಶದಲ್ಲಿ ಎಲ್ಲೂ ಪಕ್ಕಾ ಮನೆ ಇರಬಾರದು. ಗರಿಷ್ಠ 1 ಲಕ್ಷ 80 ಸಾವಿರ, ಐದು ವಾರ್ಷಿಕ ಕಂತಿನಲ್ಲಿ ಬರುತ್ತದೆ. ಆ ಕಂತು ಬಿಡುವಾಗ ಅಸಲು ಅರ್ಧಕ್ಕಿಂತ ಜಾಸ್ತಿ ಬಾಕಿ ಇರಬೇಕು. ಮುಂಚೆ ಕಟ್ಟುವಾಗ ಅದನ್ನು ನೆನಪಿಡಿ. ಶಾಖೆಯಲ್ಲಿ ನೀವಾಗಿ ಕೇಳಿ, ಅವರಾಗಿ ಹೇಳುತ್ತಾರೆ ಅಂತ ಕಾಯಬೇಡಿ.


ಶಹಾಪುರ ಓದುಗ

ಸಣ್ಣ ಮಾತು. ಸಾಲ ತೀರಿದ ಮೇಲಿನ ಕೆಲಸವನ್ನು ಯಾರೂ ಹೇಳಲಿಲ್ಲ. ನಮ್ಮ ಅಪ್ಪ ಸಾಲ ತೀರಿಸಿ ಪೆಟ್ಟಿಗೆಯಲ್ಲಿ ಕಾಗದ ಇಟ್ಟು ಸುಮ್ಮನಾದರು. ಅಡಮಾನ ಬಿಡುಗಡೆ ನೋಂದಣಿ ಮಾಡಿಸಿರಲಿಲ್ಲ. ವರ್ಷಗಳ ಮೇಲೆ ಇಸಿ (ಆಸ್ತಿಯ ಋಣಭಾರ ಪತ್ರ) ತೆಗೆಸಿದರೆ ಬ್ಯಾಂಕಿನ ಋಣಭಾರ ಹಾಗೇ ಇತ್ತು. ಈಗ 2023ರ ಡಿಸೆಂಬರ್‌ನಿಂದ ಒಂದು ಅನುಕೂಲ ಇದೆ. ಸಾಲ ತೀರಿದ 30 ದಿನದೊಳಗೆ ಬ್ಯಾಂಕಿನವರು ಮೂಲ ಪತ್ರ ವಾಪಸ್ ಕೊಟ್ಟು ಋಣಭಾರ ತೆಗೆಸಬೇಕು. ಅವರಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ನಿಮಗೆ ಕೊಡಬೇಕು. ಈಗ ಕೊಡುವ ಪ್ರತಿಯೊಂದು ಮೂಲ ಪತ್ರಕ್ಕೂ ಪಟ್ಟಿ ಮಾಡಿಸಿ, ಸೀಲ್ ಹಾಕಿಸಿ ಇಟ್ಟುಕೊಳ್ಳಿ.


ಸೇಡಂ ರಸ್ತೆ (ಕಲಬುರಗಿ)

ಒಂಬತ್ತು ದಿನದ ಮೇಲೆ ಬರೆಯುತ್ತಿದ್ದೇನೆ. ಎಲ್ಲರಿಗೂ ಕೈ ಮುಗಿಯುತ್ತೇನೆ.

30 ವರ್ಷದ ಹಾಳೆ ವಾಪಸ್ ಕೊಟ್ಟೆ. ಕೆಎಫ್‌ಎಸ್ ಕೇಳಿದೆ. ಏಜೆಂಟ್ ಮೊದಲು "ಸಹಿ ಆದ ಮ್ಯಾಲೆ ಕೊಡ್ತೀವ್ರಿ" ಅಂದರು. ಶಾಖೆಗೇ ಹೋಗಿ ಕೂತೆ. ಕೊಟ್ಟರು. ಅದರಲ್ಲಿ ವಿಮೆ ಇತ್ತು, ತಂಗಿ ಹೇಳಿದ ಹಾಗೆಯೇ. ತೆಗೆಸಿದೆ. ಬೇರೆ ಟರ್ಮ್ ವಿಮೆಗೆ ಅರ್ಜಿ ಹಾಕಿದ್ದೇನೆ. ಸ್ಕೋರ್ ತೋರಿಸಿ ಸ್ಪ್ರೆಡ್ ಕಮ್ಮಿ ಮಾಡಿ ಅಂತ ಕೇಳಿದೆ. ಕಾಲು ಪರ್ಸೆಂಟ್ ಬಿಟ್ಟರು, 8.25 ಆಯಿತು. 20 ವರ್ಷ, ಕಂತು 21,302. ಒಟ್ಟು 51 ಲಕ್ಷ 12 ಸಾವಿರ. ಅಲ್ಲಿಗೇ 94 ಸಾವಿರ ಇಳಿಯಿತು. ಆವಾಸ್ ಅರ್ಜಿಯೂ ಜೊತೆಗೇ ಹಾಕುತ್ತೇವೆ ಅಂದಿದ್ದಾರೆ. ಮನೆ ಮಾರುವವರು ನೋಂದಣಿಯನ್ನು ಎರಡು ತಿಂಗಳು ಮುಂದೆ ಹಾಕಲು ಒಪ್ಪಿದ್ದಾರೆ, ಅಷ್ಟರಲ್ಲಿ ಒಂದು ಚೀಟಿ ಎತ್ತಿದರೆ ಕೈ ಪೂರ್ತಿ ಬರಿದಾಗುವುದಿಲ್ಲ.

ನಿನ್ನೆ ರಾತ್ರಿ 240 ಸಾಲಿನ ಪಟ್ಟಿ ಅಪ್ಪನ ಮುಂದೆ ಹರಡಿದೆ. ಕನ್ನಡಕ ಹಾಕಿಕೊಂಡು ಬೆರಳಿಟ್ಟು ನೋಡುತ್ತಾ ಬಂದರು. ಬಾಕಿ 20 ಲಕ್ಷಕ್ಕೆ ಇಳಿಯುವ ಸಾಲಿಗೆ ಪೆನ್ಸಿಲ್‌ನಿಂದ ಗೆರೆ ಎಳೆದರು. ಆಮೇಲೆ "ಈ ಸಲದ ತೊಗರಿ ರೊಕ್ಕದಾಗ ಐವತ್ತು ಸಾವಿರ ನಂದೂ ಇರ್ಲಿ, ಅಸಲಿಗೆ ಹಾಕು" ಅಂದರು. ಮನೆ ಬೇಡ ಅನ್ನುತ್ತಿದ್ದವರು ಅವರೇ.

ಸೋಮವಾರ ಸಹಿ. ಇನ್ನೇನಾದರೂ ನೋಡುವುದಿದೆಯಾ ಭೀಮಾ ತೀರ ಸರ್?


ಭೀಮಾ ತೀರ (ಯಾದಗಿರಿ)

ಬಹಳ ಖುಷಿಯಾಯಿತು ತಮ್ಮಾ. ಎರಡೇ ಇವೆ. 8.25 ಅಂತ ಬಾಯಲ್ಲಿ ಹೇಳಿದ್ದು ಒಪ್ಪಂದದಲ್ಲೂ ಹಾಗೇ ಇದೆಯಾ, ಸ್ಪ್ರೆಡ್ 3.00 ಅಂತ ಬರೆದಿದ್ದಾರಾ ನೋಡಿ. ಕಂತಿನ ತಾರೀಕು ಸಂಬಳ ಬಂದ ಎರಡು ಮೂರು ದಿನಕ್ಕೆ ಬೀಳುವಂತೆ ಹಾಕಿಸಿಕೊಳ್ಳಿ. ಅಪ್ಪನನ್ನೂ ಕರೆದುಕೊಂಡು ಹೋಗಿ.